ಹಿತ್ತಾಳೆ ಫಲಕದ ಖಾಲಿ ಸಾಲು

ಹೋದ ವರ್ಷದ ಶರತ್ಕಾಲದಲ್ಲಿ, ಸ್ವೀಡನ್ನಿನ ಗೋಥೆನ್‌ಬರ್ಗಿನಲ್ಲಿ ಮಗಳ ಮನೆಯಲ್ಲಿದ್ದಾಗ ನಡೆದ ಸಂಗತಿಯಿದು. ನೆರೆಮನೆಯ ವೃದ್ಧ ಲಾರ್ಸ್ ಅವರು ಸ್ಯಾಕ್ಸಫೋನ್ ವಾದಕರು, ಜಾಝ್ ಸಂಘವೊಂದರ ಕಾರ್ಯದರ್ಶಿ. ಸಂಘವು ಪ್ರತಿವರ್ಷ ಶ್ರೇಷ್ಠ ವಾದನಕ್ಕೆ ಕೊಡುವ ಪ್ರಶಸ್ತಿಯ ಚರಿತ್ರೆಯನ್ನು ಅವರು ಬರೆಯುತ್ತಿದ್ದರು. ಒಂದು ಮಧ್ಯಾಹ್ನ ನನ್ನನ್ನು ಕಾಫಿಗೆ ಕರೆದು, ಪುರಸ್ಕೃತರ ಹೆಸರು ಕೊರೆದ ಹಿತ್ತಾಳೆಯ ಫಲಕವನ್ನು ತೋರಿಸಿದರು. ಶಾಸನಗಳನ್ನು ಓದುತ್ತ ಮುಪ್ಪಾದವನ ಕಣ್ಣು ಮೊದಲು ಬೀಳುವುದು ಅಕ್ಷರವಿಲ್ಲದ ಎಡೆಯ ಮೇಲೆಯೇ. ಒಂದು ಇಸವಿಯ ಎದುರು ಹೆಸರಿರಲಿಲ್ಲ.

“ಆ ವರ್ಷ ಯಾರಿಗೂ ಕೊಡಲಿಲ್ಲವೆ?”

“ಕೊಟ್ಟರು.”

“ಯಾರಿಗೆ?”

ಅವರು ನನ್ನ ಬಟ್ಟಲಿಗೆ ಮತ್ತಷ್ಟು ಕಾಫಿ ಸುರಿದರು. “ಹೆಸರು ಕೆತ್ತಿಸುವ ಕೆಲಸ ನನ್ನದು, ಪ್ರೊಫೆಸರ್. ನನ್ನ ಹೆಸರನ್ನು ನಾನೇ ಕೆತ್ತಿಸಿದರೆ ಜನ ಏನೆಂದುಕೊಂಡಾರು? ಪುಸ್ತಕದಲ್ಲಿಯೂ ಖಾಲಿ ಬಿಡುತ್ತೇನೆ.”

ಚರಿತ್ರೆಯೊಂದು ಕಣ್ಣೆದುರೇ ಕುಂದುವುದನ್ನು ಸಹಿಸದೆ, ನಮ್ಮ ಹಳೆಯ ಕವಿಗಳು ತಮ್ಮ ಬಿರುದುಗಳನ್ನೆಲ್ಲ ತಾವೇ ಹೇಳಿಕೊಂಡ ಬಳಿಕವಷ್ಟೇ ಕಥೆಗೆ ಕೈಯಿಡುತ್ತಿದ್ದರೆಂದು ವಿವರಿಸಿದೆ.

“ತಾವೇ?” ಎಂದು ಅವರು ಬೆಚ್ಚಿದರು. “ನೆರೆಹೊರೆಯವರು ಮಾತು ಬಿಡಲಿಲ್ಲವೆ?”

“ಅರಸರು ಊರುಗಳನ್ನು ಉಂಬಳಿ ಕೊಟ್ಟರು.”

ಅವರು ಫಲಕದ ಖಾಲಿ ಸಾಲನ್ನು ಅಂಗಿಯ ತೋಳಿನಿಂದ ಒರೆಸಿದರು.

ಈ ವಸಂತದಲ್ಲಿ, ನಾನು ಊರಿಗೆ ಮರಳಿದ ಮೇಲೆ, ಪುಸ್ತಕ ಅಂಚೆಯಲ್ಲಿ ಬಂದಿತು. ಆ ವರ್ಷದ ಅಡಿಟಿಪ್ಪಣಿಯಲ್ಲಿ, ಭೂತಗನ್ನಡಿ ಹಿಡಿದರೆ ಕಾಣುವಷ್ಟು ಸಣ್ಣ ಅಕ್ಷರದಲ್ಲಿ, ಲಾರ್ಸ್ ಅವರ ಹೆಸರಿದೆ. ಸ್ವೀಡಿಷ್ ಭಾಷೆಯ ಮುನ್ನುಡಿಯಲ್ಲಿ ನನ್ನ ಹೆಸರಿಗೆ ಮೂರು ಬಿರುದುಗಳನ್ನು ಸೇರಿಸಿದ್ದಾರೆಂದು ಮಗಳು ತನ್ನ ಪ್ರತಿಯನ್ನು ಫೋನಿನಲ್ಲಿ ಓದಿ ಹೇಳಿದಳು. ತಿದ್ದಬೇಕೆಂದು ನಾನು ಬರೆಯಲಿಲ್ಲ.