ಸೂಜಿ ಹಿಡಿಸಿದ ನಾಟಕದ ಮೇಷ್ಟ್ರು

ಲಂಗವೊಂದರ ಅಂಚಿಗೆ ಗುಂಡುಸೂಜಿ ಚುಚ್ಚುತ್ತ, ಇನ್ನೂ ನಾಲ್ಕನ್ನು ತುಟಿಗಳ ನಡುವೆ ಹಿಡಿದುಕೊಂಡು, ಆ ಮಧ್ಯಾಹ್ನ ನಾನು ಮೇಷ್ಟ್ರ ಹತ್ತಿರ ಮಾತು ಹೇಗೆ ಆರಂಭಿಸಲಿ ಎಂದು ಯೋಚಿಸುತ್ತಿದ್ದೆ. ಮೂವತ್ತೊಂದು ವರ್ಷ ಮಕ್ಕಳ ರಂಗಭೂಮಿಗೆ ದುಡಿದು, ಈಗ ನಿವೃತ್ತರಾಗುತ್ತಿರುವ ನಮ್ಮ ನಾಟಕದ ಮೇಷ್ಟ್ರ ಬಗ್ಗೆ ಬರೆಯಲು ಕುಳಿತರೆ, ಹೊಲಿಗೆ ಟೀಚರಾದ ನನಗೆ ಮೊದಲು ನೆನಪಾಗುವುದು ಹನ್ನೆರಡು ವರ್ಷದ ಹಿಂದಿನ ಆ ಮಧ್ಯಾಹ್ನವೇ.

ನಮ್ಮದು ಗಂಡುಮಕ್ಕಳ ಶಾಲೆ. ಹೆಣ್ಣಿನ ಪಾತ್ರವನ್ನೂ ಹುಡುಗರೇ ಮಾಡಬೇಕು. ಮಾಡಿದವನಿಗೆ ವರ್ಷವಿಡೀ ಅಡ್ಡಹೆಸರು. ಮೇಷ್ಟ್ರು ಬಂದ ವರ್ಷವೇ ಒಂದು ಕ್ರಮ ತಂದರು. ರಾಜನಾಗಲಿ ರಾಣಿಯಾಗಲಿ, ಪ್ರತಿಯೊಬ್ಬನೂ ತನ್ನ ವೇಷವನ್ನು ತಾನೇ ಹೊಲಿದುಕೊಳ್ಳಬೇಕು. ತಾಲೀಮಿಗೆ ಮುಂಚೆ ಅರ್ಧ ಗಂಟೆ ನನ್ನ ಕೋಣೆಯಲ್ಲಿ ಕೂರಬೇಕು. ಬೆರಳಿಗೆ ಚುಚ್ಚಿಕೊಂಡವನಿಗೆ ಬ್ಯಾಂಡೇಜು ಮೇಷ್ಟ್ರ ಜೇಬಿನಲ್ಲೇ ಇರುತ್ತಿತ್ತು. ಕಣ್ಣು ಸೂಜಿಯ ಮೇಲಿದ್ದರೆ ಹುಡುಗರು ಬಾಯಿ ಬಿಡುತ್ತಾರೆಂದು ಅವರಿಗೆ ಹೇಗೆ ಗೊತ್ತಾಯಿತೋ, ನಾನು ಕೇಳಿಲ್ಲ.

ಆ ವರ್ಷ ತಾಯಿಯ ಪಾತ್ರ ನನ್ನ ಮಗನಿಗೆ ಬಂದಿತ್ತು. ದನಿ ಒಡೆದಂದಿನಿಂದ ಅವನು ಮನೆಯಲ್ಲಿ ಹೂಂ, ಉಹೂಂ ಬಿಟ್ಟು ಇನ್ನೇನೂ ಆಡುತ್ತಿರಲಿಲ್ಲ. "ಅವನನ್ನ ನಾಟಕದಿಂದ ಬಿಡಿಸು, ಇವತ್ತೇ ಹೇಳು," ಎಂದಿದ್ದರು ಯಜಮಾನರು. ಅದಕ್ಕೇ, ಹೊಲಿಗೆ ಮುಗಿದ ಮೇಲೆ ಒಂದು ವಿಷಯ ಮಾತಾಡಬೇಕೆಂದು ಮೇಷ್ಟ್ರಿಗೆ ಹೇಳಿಟ್ಟಿದ್ದೆ.

ತೊಡೆಯ ಮೇಲೆ ತನ್ನ ಲಂಗ ಹರಡಿಕೊಂಡು ಹೊಲಿಯುತ್ತಿದ್ದ ಮಗ ಎದ್ದು ನಿಂತ. ಲಂಗವೂ ಜೊತೆಗೇ ಎದ್ದಿತು. ಅಂಚನ್ನು ತನ್ನ ಪ್ಯಾಂಟಿಗೇ ಸೇರಿಸಿ ಹೊಲಿದುಬಿಟ್ಟಿದ್ದ.

"ಅಮ್ಮಾವ್ರಿಗೆ ಲಂಗ ಬಿಟ್ಟಿರಕ್ಕೆ ಆಗಲ್ಲ," ಎಂದ, ಎಲ್ಲರೂ ಪೈಲ್ವಾನನೆಂದು ಕರೆಯುತ್ತಿದ್ದ ಹುಡುಗ. ಕೋಣೆಯೆಲ್ಲ ನಕ್ಕಿತು. ಮಗನ ಕಿವಿ ಕೆಂಪಾದವು.

ಮೇಷ್ಟ್ರು ನಗಲಿಲ್ಲ, ಗದರಲೂ ಇಲ್ಲ. ಅವನ ಮುಂದೆ ಮಂಡಿಯೂರಿ ಒಂದೊಂದೇ ಹೊಲಿಗೆ ಬಿಚ್ಚತೊಡಗಿದರು. "ಗಟ್ಟಿಯಾಗೇ ಹಾಕಿದೀಯ ಕಣಪ್ಪ. ಪೈಲ್ವಾನ, ಬಾ, ಬಟ್ಟೆ ಬಿಗಿಯಾಗಿ ಹಿಡ್ಕೋ."

ಪೈಲ್ವಾನ ಬಂದು ಹಿಡಿದ. ಮೇಷ್ಟ್ರು ಕತ್ತರಿ ಆಡಿಸಿದರು.

"ನಮ್ಮಪ್ಪ ನೋಡಕ್ಕೆ ಬರಲ್ವಂತೆ ಸರ್," ಎಂದ ಮಗ ಮೆಲ್ಲಗೆ.

"ನಮ್ಮಪ್ಪಾನೂ ಬರಲ್ಲ ಬಿಡೋ," ಎಂದ ಪೈಲ್ವಾನ. "ನೀನಾದ್ರೂ ತಾಯಿ. ನಾನು ಈ ಮೀಸೆ ಇಟ್ಕೊಂಡು ನಿನ್ನ ಮಗಳಾಗ್ಬೇಕು, ನನ್ನ ಗತಿ ನೋಡು."

ಮಗ ನಕ್ಕ. ಅರ್ಧ ದಪ್ಪ, ಅರ್ಧ ಕೀರಲು ದನಿಯ ನಗು. ಅವನು ನಕ್ಕಿದ್ದನ್ನು ನಾನು ಕೇಳಿ ತಿಂಗಳುಗಳೇ ಆಗಿದ್ದವು.

ನಮ್ಮ ಮೇಷ್ಟ್ರು ನೂರ್ಕಾಲ ಬಾಳಲಿ. ಇನ್ನೂ ಎಷ್ಟೋ ಹುಡುಗರ ಮುಂದೆ ಮಂಡಿಯೂರುವಷ್ಟು ಅವರ ಕಾಲಿಗೆ ಕಸುವಿರಲಿ.

ಅಂದು ಕೊನೆಯ ಹೊಲಿಗೆ ಬಿಚ್ಚಿ ಎದ್ದವರು ನನ್ನತ್ತ ತಿರುಗಿ, "ಏನೋ ಮಾತಾಡ್ಬೇಕು ಅಂದಿದ್ರಲ್ಲ ಟೀಚರ್," ಎಂದರು.

ನಾನು ತುಟಿಯಿಂದ ಸೂಜಿ ತೆಗೆದೆ. "ಲಂಗ ಎರಡಿಂಚು ಉದ್ದ ಆಯ್ತು ಸರ್, ಅಷ್ಟೇ," ಎಂದೆ.