ನಾನು ಅರ್ಧ ಮಾಡದ ವ್ಯಾಸ

ಪಿಸ್ಟನ್ನಿನ ಲೆಕ್ಕ ತಪ್ಪಿದವಳು ನಾನು. ನೀಲಮ್ಮನಲ್ಲ. ಇಷ್ಟು ಹೇಳಲು ನನಗೆ ಅರ್ಧ ಆಯುಷ್ಯ ಹಿಡಿಯಿತು.

ನಾನು ಸರಸಂಬಾದವಳು, ಅವಳು ನಿಂಬರ್ಗಾದವಳು. ಆಳಂದದ ಹೈಸ್ಕೂಲಿನಲ್ಲಿ ಒಂದೇ ಬೆಂಚು, ಹಾಸ್ಟೆಲ್ಲಿನಲ್ಲಿ ಒಂದೇ ಕೋಣೆ. ಶೇಂಗಾ ಹಿಂಡಿಯ ಡಬ್ಬಿ ಬಂದರೆ ಯಾರ ಮನೆಯದೆಂದು ಕೇಳದೆ ಇಬ್ಬರೂ ರೊಟ್ಟಿಗೆ ಹಚ್ಚಿಕೊಳ್ಳುತ್ತಿದ್ದೆವು. ಹತ್ತನೆಯ ತರಗತಿಯಲ್ಲಿ ವಿಜ್ಞಾನ ಪ್ರದರ್ಶನಕ್ಕೆಂದು ಇಬ್ಬರೂ ಸೇರಿ ಒಂದು ಮಾದರಿ ಮಾಡಿದೆವು. ಎಣ್ಣೆ ಡಬ್ಬಿ ಕತ್ತರಿಸಿ ಮಾಡಿದ ಟ್ರ್ಯಾಕ್ಟರ್ ಟ್ರಾಲಿ. ಅದರಡಿ ದೊಡ್ಡ ಸಿರಿಂಜು, ಪಕ್ಕದಲ್ಲಿ ಸಣ್ಣದು, ನಡುವೆ ನೀರು ತುಂಬಿದ ಪೈಪು. ಸಣ್ಣದನ್ನು ಒತ್ತಿದರೆ ದೊಡ್ಡದರ ಪಿಸ್ಟನ್ ಮೇಲೆದ್ದು, ಟ್ರಾಲಿ ವಾಲಿ, ಒಳಗಿನ ಜೋಳ ಸುರಿಯುತ್ತಿತ್ತು. ಮೊದಲ ಸಲ ಸುರಿದಾಗ ನೀಲಾ ಕುಣಿದ ರಭಸಕ್ಕೆ ಪೈಪು ಕಿತ್ತುಬಂದು ಇಬ್ಬರ ಲಂಗಗಳೂ ತೊಯ್ದವು. ಆ ನಗು ಈಗಲೂ —

ಅಳತೆ ಅವಳದು, ಲೆಕ್ಕ ನನ್ನದು. ಒತ್ತಡ, ಪಿಸ್ಟನ್ನಿನ ಕ್ಷೇತ್ರಫಲ, ಅದು ಸರಿದ ದೂರ — ಮೂರನ್ನೂ ಗುಣಿಸಿದರೆ ಪಿಸ್ಟನ್ ಮಾಡಿದ ಕೆಲಸ ಸಿಗುತ್ತದೆ. "ಇದು ವ್ಯಾಸ ಅದ ಬೇ, ಅರ್ಧ ಮಾಡಿ ಹಾಕು," ಎಂದು ಅವಳು ಸ್ಪಷ್ಟವಾಗಿಯೇ ಹೇಳಿದ್ದಳು. ನಾನು ಸಣ್ಣದಕ್ಕೆ ಅರ್ಧ ಮಾಡಿದೆ, ದೊಡ್ಡದಕ್ಕೆ ಮಾತ್ರ ತ್ರಿಜ್ಯದ ಜಾಗದಲ್ಲಿ ವ್ಯಾಸವನ್ನೇ ಇಟ್ಟೆ.

ಪ್ರದರ್ಶನದ ದಿನ ತೀರ್ಪುಗಾರರು ನಮ್ಮ ಹಾಳೆ ನೋಡಿ ನಕ್ಕರು. "ಒತ್ತಿದ ಕೆಲಸಕ್ಕಿಂತ ಎತ್ತಿದ ಕೆಲಸ ನಾಕು ಪಟ್ಟು ಆಗ್ಯಾದಲ್ಲ! ಉಳಿದದ್ದು ದೇವರು ಒತ್ತಿದನೇನು? ಯಾರು ಮಾಡಿದ್ದು ಈ ಲೆಕ್ಕ?"

ಸುತ್ತ ನಿಂತವರೆಲ್ಲ ನಗುತ್ತಿದ್ದರು. ತಪ್ಪೆಲ್ಲಿದೆಯೆಂದು ಆ ಕ್ಷಣವೇ ನನಗೆ ಹೊಳೆದಿತ್ತು. ಆದರೂ —

"ಅಕಿ ಮಾಡ್ಯಾಳ್ರಿ, ಸರ್," ಎಂದೆ.

ನೀಲಾ ನನ್ನನ್ನು ನೋಡಿದಳು. ಏನೂ ಹೇಳಲಿಲ್ಲ.

ಪಿಯುಸಿಗೆ ಅವಳು ಕಲಾ ವಿಭಾಗ ಸೇರಿದಳು. ನಾನು ವಿಜ್ಞಾನ ಓದಿ ಜೇವರ್ಗಿಯಲ್ಲಿ ಶಿಕ್ಷಕಿಯಾದೆ. ನಾಚಿಕೆಯ ಮಾತೆಂದರೆ, ಆ ಪಾಠ ಬಂದಾಗಲೆಲ್ಲ "ನನ್ನ ಗೆಳತಿಯೊಬ್ಬಳು ಹೀಗೇ ತಪ್ಪಿದ್ದಳು" ಎಂದು ಮಕ್ಕಳನ್ನು ನಗಿಸುತ್ತಿದ್ದೆ. ಹೇಳುತ್ತ ಹೇಳುತ್ತ ನನಗೇ ಅದು ನಿಜವೆನಿಸತೊಡಗಿತ್ತು.

ಹೋದ ಬೇಸಿಗೆಯಲ್ಲಿ ಚೌಡಾಪುರದ ಬಸ್‌ಸ್ಟ್ಯಾಂಡಿನಲ್ಲಿ ಅವಳು ಸಿಕ್ಕಳು. ಅಫಜಲಪುರದಲ್ಲಿ ಸಂಸಾರ. ಕೈ ಹಿಡಿದುಕೊಂಡೇ ಮಾತಾಡಿದಳು, ಮೊದಲಿನ ಹಾಗೆಯೇ.

"ಮಗಳು ಹತ್ತನೇತ್ತಾ ಪಾಸಾಗ್ಯಾಳ. ಸೈನ್ಸ್ ತಗೋತೀನಿ ಅಂತ ಹಟ ಹಿಡದಾಳ, ನಾನು ಬ್ಯಾಡಂದೀನಿ. ಲೆಕ್ಕ ನಮಗ ಹತ್ತೂದಲ್ಲ ಬಿಡು. ಅವತ್ತ ನಾನು ಅಳತಿ ತಪ್ಪು ಹೇಳಿ ನಿನಗೂ ಅವಮಾನ ಮಾಡಿಸಿದೆ, ಅಲ್ಲೇನು?"

ಅವತ್ತು ಅವಳು ಸುಮ್ಮನಿದ್ದದ್ದು ಅದಕ್ಕೆ. ಲೆಕ್ಕ ನನ್ನದಾದರೂ ಅಳತೆಯನ್ನು ತಾನೇ ತಪ್ಪು ಹೇಳಿದೆನೆಂದು ಇಷ್ಟು ವರ್ಷ ನಂಬಿದ್ದಳು!

"ನೀಲಾ, ನೀ ಸರಿಯಾಗೇ ಹೇಳಿದ್ದಿ," ಎಂದೆ. "ಅರ್ಧ ಮಾಡು ಅಂದಿದ್ದಿ. ನಾನೇ ಮಾಡಲಿಲ್ಲ. ಅವತ್ತೇ ನನಗ ಗೊತ್ತಿತ್ತು."

ಅವಳ ಕೈ ಮೆಲ್ಲಗೆ ಬಿಟ್ಟುಹೋಯಿತು. "ಗೊತ್ತಿದ್ದೂ ನನ್ನ ಹೆಸರು ಹೇಳಿದೇನು?"

ನಾನು ಹೌದೆಂದು ತಲೆಯಾಡಿಸಿದೆ. ಅಫಜಲಪುರದ ಬಸ್ಸು ಬಂತು. ಅವಳು ಹತ್ತಿ ಕುಳಿತಳು, ಕಿಟಕಿಯತ್ತ ತಿರುಗಲಿಲ್ಲ.

ವಾರ ಕಳೆದ ಮೇಲೆ ಫೋನ್ ಬಂತು.

"ಮಗಳನ್ನ ಸೈನ್ಸಿಗೆ ಹಚ್ಚೀನಿ," ಎಂದಳು. "ಆದರ ನೀ ನಮ್ಮ ಮನಿಗಿ ಬರಬ್ಯಾಡ," ಎಂದಳು.

"ಆತು," ಎಂದೆ. ಹೋಗಿಲ್ಲ.