ಜೋಡಿಗುರುತಿನವರ ನಡುವೆ ನಾಲ್ಕು ದಿನ

ಮೈಸೂರಿನಿಂದ ಬೆಳಿಗ್ಗೆ ಆರೂವರೆಗೆ ಬಸ್ಸು ಹತ್ತಿದಾಗ ನಾನು ಜಗಳಕ್ಕೆ ಸಿದ್ಧನಾಗಿಯೇ ಹೊರಟಿದ್ದೆ. ಕಾಲೇಜು ವಿದ್ಯಾರ್ಥಿಗಳಿಗೆ ಚರ್ಚಾಸ್ಪರ್ಧೆ ಕಲಿಸುತ್ತಲೇ ತಲೆ ನರೆಸಿಕೊಂಡವನು ನಾನು. ಮಂಗಳೂರಿನಲ್ಲಿ ‘ಜೋಡಿಗುರುತು’ ಎಂಬ ಸಣ್ಣ ಚಿಂತನಕೂಟವಿದೆ, ಸುಳ್ಳು, ಹೆದರಿಕೆ, ಮುಖಸ್ತುತಿ ಯಾವುದನ್ನೂ ಬಳಸದೆ ಜನರನ್ನು ಒಪ್ಪಿಸಬೇಕೆಂದು ಅವರು ಹೇಳುತ್ತಾರೆ ಎಂದು ಕೇಳಿ, ಇದು ಹೊಟ್ಟೆ ತುಂಬಿದವರ ತತ್ವ ಎಂದು ವಾರಪತ್ರಿಕೆಯೊಂದಕ್ಕೆ ಬರೆದಿದ್ದೆ. ಹದಿನೈದು ದಿನಗಳಲ್ಲಿ ಪತ್ರ ಬಂತು: ‘ಬನ್ನಿ. ಮೊದಲು ನಮ್ಮ ಮಾತನ್ನು ನಾವು ಹೌದು ಅನ್ನುವ ಹಾಗೆ ಹೇಳಿ. ಆಮೇಲೆ ಬೇಕಾದಷ್ಟು ಬೈಯಿರಿ.’

ಮಡಿಕೇರಿಯಲ್ಲಿ ಇಡ್ಲಿ, ಪುತ್ತೂರು ದಾಟುವಾಗ ಬೆನ್ನಿಗಂಟಿದ ಅಂಗಿ. ಸುಮಾರು ಇನ್ನೂರೈವತ್ತು ಕಿಲೋಮೀಟರು ಕ್ರಮಿಸಿ ಬಿಜೈ ನಿಲ್ದಾಣದಲ್ಲಿ ಇಳಿದಾಗ ಎರಡು ಗಂಟೆ. ಮೇ ತಿಂಗಳ ಸೆಕೆ. ಹತ್ತಿರದಲ್ಲೇ ರೂಮು ಹಿಡಿದು, ಕುಚ್ಚಲಕ್ಕಿ ಅನ್ನ, ಬಂಗುಡೆ ಸಾರು ಉಂಡು, ಸಂಜೆ ಸಿಟಿ ಬಸ್ಸಿನಲ್ಲಿ ದೇರೆಬೈಲಿಗೆ ಹೋದೆ.

ಕೂಟ ಸೇರುವುದು ಲವೀನಾ ಬಾಯಿಯವರ ಮನೆಯ ಮಹಡಿಯಲ್ಲಿ. ಕುವೈತಿನಲ್ಲಿ ಇಪ್ಪತ್ತೆರಡು ವರ್ಷ ನರ್ಸ್ ಆಗಿದ್ದ ಕೊಂಕಣಿ ಹೆಂಗಸು. ಕುಳ್ಳಗಿನ ದೇಹ, ದೊಡ್ಡ ದನಿ. ಹತ್ತು ಪ್ಲಾಸ್ಟಿಕ್ ಕುರ್ಚಿಗಳಲ್ಲಿ ಒಂದು ಖಾಲಿಯಿತ್ತು. ಅದು ಕೂಟವನ್ನು ಅವರ ಜೊತೆ ಕಟ್ಟಿದ ಮೋನಪ್ಪಣ್ಣನದು. ಮೀನುಗಾರಿಕೆ ಬೋಟು ನಡೆಸುವ ತಂಡೇಲನಾಗಿದ್ದವರು. ಈಗ ಕಾಲಿನ ಗಾಯಕ್ಕೆ ಆಸ್ಪತ್ರೆಯಲ್ಲಿದ್ದಾರೆ ಎಂದರು.

“ಕೂಟಕ್ಕೆ ಈ ಹೆಸರು ಇಟ್ಟದ್ದು ಅವರೇ,” ಎಂದರು ಲವೀನಾ ಬಾಯಿ. “ಸಮುದ್ರದಲ್ಲಿ ಒಂದು ಗುಡ್ಡೆ ನೋಡಿದ್ರೆ ಬೋಟು ಎಲ್ಲಿ ಉಂಟು ಅಂತ ಗೊತ್ತಾಗುವುದಿಲ್ಲ. ಬೇರೆ ದಿಕ್ಕಿನಲ್ಲಿ ಇನ್ನೊಂದು ಗುರುತು ಬೇಕು. ಮಾತಿನಲ್ಲೂ ಹಾಗೆಯೇ, ಎದುರಿನವನ ಕಣ್ಣೂ ಬೇಕು. ಅವರವರ ಸತ್ಯ ಅವರವರಿಗೆ ಅಂತಲ್ಲ ನಾವು ಹೇಳುವುದು. ನೀರಿನಡಿಯ ಬಂಡೆ ನಿಮ್ಮ ಅಭಿಪ್ರಾಯ ಕೇಳ್ತದಾ?”

ಹಾಗಾಗಿ ಕೂಟದ ನಿಯಮದಂತೆ ಎದುರಾಳಿಯ ಮಾತನ್ನು ಮೊದಲು ಅವನು ತಲೆಯಾಡಿಸುವಂತೆ ಹೇಳಬೇಕು. ತನ್ನ ವಾದದ ತೂತನ್ನು ತಾನೇ ತೋರಿಸಬೇಕು. ಬೇಡ ಎನ್ನಲು ದಾರಿಯಿಲ್ಲದವನನ್ನು ಒಪ್ಪಿಸಿದರೆ ಅದು ಒಪ್ಪಿಗೆಯೇ ಅಲ್ಲ. ಇದನ್ನು ನನ್ನ ಮಾತಿನಲ್ಲಿ ಹೇಳಲು ಎರಡು ಸಲ ನೋಡಿದೆ. ಎರಡು ಸಲವೂ ಎಲ್ಲರೂ ತಲೆ ಅಡ್ಡ ಆಡಿಸಿದರು. ನನಗೆ ರೇಗಿತು.

ಅಷ್ಟರಲ್ಲಿ ಮೆಟ್ಟಿಲೇರಿ ಬಂದವಳು ಮೋನಪ್ಪಣ್ಣನ ಮಗಳು ಯಶೋದಾ. ಬಂದರಿನಲ್ಲಿ ಮೀನಿನ ವ್ಯಾಪಾರ ಅವಳದು. ನಿಂತೇ ಮಾತಾಡಿದಳು. “ಬಾಯಮ್ಮ, ಡಾಕ್ಟ್ರು ಹೇಳಿದ್ರು, ಪಾದ ತೆಗೀಬೇಕಂತೆ. ಇಲ್ಲದಿದ್ರೆ ವಿಷ ಮೇಲೆ ಹೋಗ್ತದೆ. ಗೊತ್ತಾದ್ರೆ ಅಪ್ಪ ಒಪ್ಪುವುದಿಲ್ಲ. ಗಾಯ ಕ್ಲೀನ್ ಮಾಡ್ಲಿಕ್ಕೆ ಅಂತ ನೀವು ಹೇಳಿ. ನೀವು ಹೇಳಿದ್ರೆ ಓದದೆ ಸೈನ್ ಹಾಕ್ತಾರೆ.”

“ನಾನು ಹೇಳುವುದಿಲ್ಲ, ಯಶೋದಾ. ಬೇರೆಯವರು ಹೇಳ್ಲಿಕ್ಕೂ ಬಿಡುವುದಿಲ್ಲ.”

ನಾನು ಎದ್ದು ನಿಂತೆ. “ನೋಡಿ, ನಾನು ಬರೆದದ್ದು ಇದನ್ನೇ! ನಿಮ್ಮ ತತ್ವ ಉಳಿಯಲಿಕ್ಕೆ ಆ ಮನುಷ್ಯ ಸಾಯಬೇಕೇ?”

ಲವೀನಾ ಬಾಯಿ ಖಾಲಿ ಕುರ್ಚಿ ತೋರಿಸಿದರು. “ಅಲ್ಲಿ ಕೂತುಕೊಳ್ಳಿ. ನೀವು ಮೋನಪ್ಪ. ನಿದ್ದೆಯಿಂದ ಎದ್ದಿದ್ದೀರಿ, ಪಾದ ಇಲ್ಲ. ಎಂತ ಹೇಳ್ತೀರಿ?”

ಇಂಥ ಅಭಿನಯ ನನಗೆ ಹೊಸದಲ್ಲ. ಕೂತೆ. ಆದರೆ ಬಾಯಿಂದ ಬಂದದ್ದು, “ನನ್ನನ್ನು ಕೇಳದೆ ನನ್ನದನ್ನು ಹೇಗೆ ತೆಗೆಸಿದೆಯೋ?” ಅದು ನನ್ನ ತಾಯಿಯ ಮಾತು. ಸಣ್ಣ ಪರೀಕ್ಷೆ ಎಂದು ನಂಬಿಸಿ ಅವಳನ್ನು ಆಪರೇಷನ್‌ಗೆ ಕಳಿಸಿದವನು ನಾನು; ಎಚ್ಚರವಾದಾಗ ಅವಳ ಒಂದು ಸ್ತನ ಇರಲಿಲ್ಲ. ಆಮೇಲೆ ಹನ್ನೊಂದು ವರ್ಷ ಬದುಕಿದಳು. ನಾನು ತಲೆನೋವಿಗೆ ಮಾತ್ರೆ ಕೊಟ್ಟರೂ ಪಕ್ಕದ ಮನೆಯವರಿಂದ ಹೆಸರು ಓದಿಸಿಕೊಂಡೇ ನುಂಗುತ್ತಿದ್ದಳು. ಇದನ್ನೆಲ್ಲ ಆ ಅಪರಿಚಿತರ ಮುಂದೆ ಹೇಳಿಬಿಟ್ಟೆ.

“ಆದರೆ ಬದುಕಿದಳು,” ಎಂದೆ ಹಟದಿಂದ.

“ಹೌದು, ಬದುಕಿದ್ರು. ಅದೂ ಸತ್ಯ. ಅದನ್ನು ನಾನು ಅಳಿಸುವುದಿಲ್ಲ,” ಎಂದರು ಅವರು.

ಯಶೋದಾ ಮೆಟ್ಟಿಲಿಳಿದು ಹೋದಳು.

ಮರುದಿನ ಗುರುವಾರ. ಲವೀನಾ ಬಾಯಿ ಮೊದಲು ಬಿಕರ್ನಕಟ್ಟೆಯ ಚರ್ಚಿಗೆ ಹೋಗಿ ಬಾಲಯೇಸುವಿಗೆ ಮೇಣದಬತ್ತಿ ಹಚ್ಚಿದರು. ಮೋನಪ್ಪಣ್ಣನ ಹೆಸರಿಗೆ ಇನ್ನೊಂದನ್ನೂ ಹಚ್ಚಿದರು. ಅಲ್ಲಿಂದ ರಿಕ್ಷಾದಲ್ಲಿ ಆಸ್ಪತ್ರೆಗೆ. ಹಾಸಿಗೆಯಲ್ಲಿ ಕೂತಿದ್ದ ಮೋನಪ್ಪಣ್ಣ ಎತ್ತರದ ಆಳು. ಬಿಸಿಲಿಗೆ ಸುಟ್ಟ ಮುಖ, ಬಟ್ಟೆ ಸುತ್ತಿದ ಬಲಗಾಲು. ಪಕ್ಕದಲ್ಲಿ ಯಶೋದಾ.

“ಮೋನಪ್ಪಣ್ಣ, ಪಾದ ತೆಗೀಬೇಕಂತೆ,” ಎಂದರು ಲವೀನಾ ಬಾಯಿ. “ಇಲ್ಲದಿದ್ರೆ ವಿಷ ಮೇಲೆ ಹೋಗ್ತದೆ. ತೆಗೆದ್ರೂ ಅಲ್ಲಿಗೇ ನಿಲ್ತದೆ ಅಂತ ಗ್ಯಾರಂಟಿ ಇಲ್ಲ. ನೀವು ಒಪ್ಪಬೇಕು ಅಂತ ನನಗೆ ತುಂಬ ಆಸೆ ಉಂಟು. ಹಾಗಾಗಿ ನನ್ನ ಮಾತನ್ನು ಸ್ವಲ್ಪ ಕಡಿಮೆ ನಂಬಿ.”

ಮೋನಪ್ಪಣ್ಣ ಕಾಲಿಗೆ ಸುತ್ತಿದ ಬಟ್ಟೆಯನ್ನು ಬೆರಳಿನಿಂದ ಒತ್ತಿ ನೋಡಿದರು. “ಬೊಡ್ಚಿ,” ಎಂದರು ತುಳುವಿನಲ್ಲಿ. ಬೇಡ.

“ಕೊಂದಿರಿ!” ಯಶೋದಾ ಕಿರುಚಿದಳು. “ಸತ್ಯ ಹೇಳಿ ಕೊಂದಿರಿ ನನ್ನ ಅಪ್ಪನನ್ನು!” ವಾರ್ಡೆಲ್ಲ ತಿರುಗಿ ನೋಡಿತು. ನಾನೂ ಅವಳ ಪಕ್ಷವೇ. ಲವೀನಾ ಬಾಯಿ ಮಾತ್ರ “ಆಯ್ತು” ಎಂದು ಸ್ಟೂಲು ಎಳೆದು ಕೂತರು. ಮತ್ತೆ ಒತ್ತಾಯಿಸಲಿಲ್ಲ, ಎದ್ದೂ ಹೋಗಲಿಲ್ಲ.

ಮೂರು ಗಂಟೆಯ ಹೊತ್ತಿಗೆ ಮೋನಪ್ಪಣ್ಣ ಮಗಳನ್ನು ಕರೆದರು. “ನಾನು ಯಾಕೆ ಬೇಡ ಅಂದೆ, ಹೇಳು ನೋಡುವ.”

“ಕತ್ತರಿಸ್ಲಿಕ್ಕೆ ಹೆದರಿಕೆ ನಿಮಗೆ.”

“ಅಲ್ಲ.”

“ಇನ್ನೊಬ್ಬರು ಎತ್ತಬೇಕಲ್ಲ, ಆ ನಾಚಿಗೆ.”

“ಸ್ವಲ್ಪ. ಅದೇ ಅಲ್ಲ.”

ಯಶೋದಾ ಕಣ್ಣೊರೆಸಿಕೊಂಡಳು. “ನಾವೆಲ್ಲ ಹೊರಗೆ ನಿಂತು ಮಾತಾಡಿಕೊಂಡೆವು. ನಿಮ್ಮ ಹತ್ತಿರ ಯಾರೂ ಕೇಳ್ಲಿಲ್ಲ. ಇಷ್ಟು ವರ್ಷ ಬೋಟು ನಡೆಸಿದವರನ್ನು ಮೀನಿನ ಹಾಗೆ ತಕ್ಕಡಿಗೆ ಹಾಕಿದೆವು.”

“ಹ್ಞಾಂ. ಈಗ ನಿನ್ನದು ನಾನು ಹೇಳ್ತೇನೆ. ಬಂದರಿನಿಂದ ಬಂದು ಬಾಗಿಲು ತೆಗೆದಾಗ ಒಳಗೆ ಯಾರೂ ಇಲ್ಲದಿದ್ರೆ ನಿನ್ನಿಂದ ಆಗುವುದಿಲ್ಲ. ಸರಿಯಾ?”

ಅವಳು ತಲೆಯಾಡಿಸಿದಳು. ಅವರು ನನ್ನತ್ತ ಕೈ ಚಾಚಿದರು. “ಮೈಸೂರಿನವರೇ, ಆಪರೇಷನ್‌ಗೆ ಸೈನ್ ಹಾಕುವ ಆ ಕಾಗದ ಇಂಗ್ಲಿಷಿನಲ್ಲಿ ಉಂಟು. ನನಗೆ ತಿಳಿಯುವ ಹಾಗೆ ಓದಿ. ಒಂದು ಗೆರೆಯೂ ಬಿಡಬೇಡಿ.”

ಓದಿದೆ. ರಕ್ತಸ್ರಾವ, ಸೋಂಕು, ಮತ್ತೆ ಕತ್ತರಿಸಬೇಕಾಗುವ ಸಾಧ್ಯತೆ. ‘ಸಾವು’ ಎಂಬ ಪದ ಬಂದಾಗ ನಾಲಿಗೆ ತಡವರಿಸಿತು. ಮೆತ್ತಗೆ ಏನಾದರೂ ಹೇಳಿ ದಾಟೋಣ ಅನ್ನಿಸಿತು. ಅವರು ನನ್ನ ಮುಖವನ್ನೇ ನೋಡುತ್ತಿದ್ದರು. ಹೇಳಿದೆ. ಮೋನಪ್ಪಣ್ಣ ವೈದ್ಯರನ್ನು ಕರೆಸಿ ನಾಲ್ಕು ಪ್ರಶ್ನೆ ಕೇಳಿದರು, ಒಂದಕ್ಕೆ ಎರಡು ಸಲ ಉತ್ತರ ಹೇಳಿಸಿದರು. ಆಮೇಲೆ ಕನ್ನಡಕ ಹಾಕಿಕೊಂಡು ತಾವೇ ಸಹಿ ಮಾಡಿದರು.

ಶುಕ್ರವಾರ ಆಪರೇಷನ್ ಆಯಿತು. ಹೊರಗೆ ಬೆಂಚಿನಲ್ಲಿ ಕೂತು ಕ್ಯಾಂಟೀನಿನ ಗೋಳಿಬಜೆ ಹಂಚಿಕೊಂಡು ತಿಂದೆವು. ಯಶೋದಾ ಲವೀನಾ ಬಾಯಿಗೆ ಮುಖ ಕೊಡಲಿಲ್ಲ. “ಅಪ್ಪ ಬೇಡ ಅಂತಲೇ ಕೂತಿದ್ರೆ ಜನ್ಮದಲ್ಲಿ ಇವರನ್ನು ಕ್ಷಮಿಸ್ತಿರಲಿಲ್ಲ,” ಎಂದಳು ನನಗೆ, ಅವರಿಗೂ ಕೇಳುವಂತೆ.

“ಅದಕ್ಕೂ ರೆಡಿ ಇದ್ದೆ ನಾನು,” ಎಂದರು ಲವೀನಾ ಬಾಯಿ.

ನನಗೆ ಅಷ್ಟು ಧೈರ್ಯವಿಲ್ಲ. ಮೋನಪ್ಪಣ್ಣ ಬೇಡ ಎಂದೇ ಉಳಿದಿದ್ದರೆ ನಾನು ಸುಳ್ಳು ಹೇಳುತ್ತಿದ್ದೆನೋ ಏನೋ. ಇಲ್ಲ ಎಂದು ಪ್ರಮಾಣ ಮಾಡಲಾರೆ, ಸಂಜೆ ಕೂಟದವರಿಗೂ ಹಾಗೆಯೇ ಹೇಳಿದೆ. ಆ ಸಲ ಮಾತ್ರ ಯಾರೂ ತಲೆ ಅಡ್ಡ ಆಡಿಸಲಿಲ್ಲ.

ಶನಿವಾರ ಹನ್ನೊಂದರ ಬಸ್ಸಿಗೆ ಮುಂಚೆ ವಾರ್ಡಿಗೆ ಹೋದೆ. ಮೋನಪ್ಪಣ್ಣನಿಗೆ ಪೂರ್ತಿ ಎಚ್ಚರವಾಗಿತ್ತು.

“ಎಷ್ಟು ತೆಗೆದ್ರು?” ಎಂದು ಕೇಳಿದರು.

“ಹೇಳಿದಷ್ಟೇ,” ಎಂದರು ಲವೀನಾ ಬಾಯಿ.

“ತೋರ್ಸಿ.”

ಅವರು ಹೊದಿಕೆ ಎತ್ತಿದರು. ಮೋನಪ್ಪಣ್ಣ ಮೊಣಕೈ ಊರಿ ಎದ್ದು, ಹಲ್ಲು ಕಚ್ಚಿಕೊಂಡು ನೋಡಿದರು. “ಹೌದು. ಹೇಳಿದಷ್ಟೇ ಉಂಟು,” ಎಂದರು.

ಕೈ ಮುಗಿದು ಹೊರಟೆ. ಬಾಗಿಲ ಬಳಿ ಒಮ್ಮೆ ತಿರುಗಿ ನೋಡಿದೆ. ಮೋನಪ್ಪಣ್ಣ ಇನ್ನೂ ಆ ಕಾಲನ್ನು ನೋಡುತ್ತಲೇ ಇದ್ದರು. ಕಣ್ಣಲ್ಲಿ ನೀರಿತ್ತು. ಯಶೋದಾ ಅವರ ಬೆನ್ನಿಗೆ ಕೈ ಕೊಟ್ಟು ನಿಂತಿದ್ದಳು. ಹೊದಿಕೆ ಎಳೆದು ಮುಚ್ಚಲು ಯಾರೂ ಹೋಗಲಿಲ್ಲ.